ದೋಣಿಯಲ್ಲಿ ಇರೋದು ಎಂಟೇ ಹುಟ್ಟು

ಹುಟ್ಟು ಹಾಕುವ ಸ್ಪರ್ಧೆಯೊಂದನ್ನು ಟಿವಿಯಲ್ಲಿ ಮೊದಲಿನಿಂದ ಕೊನೆತನಕ ನೋಡಿದವರು ನಮ್ಮ ಪೈಕಿ ಎಷ್ಟು ಜನ ಇದ್ದೀರಿ? ಕ್ರಿಕೆಟ್ಟಾದರೆ ಐದು ದಿನ ಬೇಕಾದರೂ ಕೂರುತ್ತೇವೆ, ಕೊನೆಗೆ ಡ್ರಾ ಆದರೂ ಬೇಜಾರಿಲ್ಲ. ರೋಯಿಂಗ್ ಅಂತ ಬಂದ ಕೂಡಲೇ ರಿಮೋಟ್ ಹುಡುಕುತ್ತೇವೆ. ಅದರಲ್ಲಿ ನೋಡೋಕಾದರೂ ಏನಿದೆ ಹೇಳಿ! ಎಂಟು ಜನ ಒಬ್ಬರ ಹಿಂದೊಬ್ಬರು ಕೂತು, ಹೋಗಬೇಕಾದ ದಿಕ್ಕಿಗೆ ಬೆನ್ನು ಹಾಕಿ, ಒಂದೇ ಕೆಲಸವನ್ನು ಇನ್ನೂರು ಚಿಲ್ಲರೆ ಸಲ ಮಾಡುತ್ತಾರೆ. 2000 ಮೀಟರ್, ಆರು ನಿಮಿಷದ ಆಚೀಚೆ. ಮುಗೀತು.

ಹೀಗನ್ನುವ ನಾನು ಈ ಒಂದು ವರ್ಷದಲ್ಲಿ ಕಾಲೇಜು ಹುಡುಗ ಹುಡುಗಿಯರ ರೋಯಿಂಗ್ ತಂಡಗಳ ಮೇಲೆ ತೆಗೆದ ಸಾಕ್ಷ್ಯಚಿತ್ರಗಳನ್ನು ಹುಡುಕಿ ಹುಡುಕಿ ನೋಡಿದ್ದೇನೆ. ಅದೂ ಎಲ್ಲಿ ಕೂತು? ದೋಹಾದ ಅಲ್ ಥುಮಾಮಾದಲ್ಲಿ. ಗೊತ್ತಿಲ್ಲದವರಿಗೆ ಹೇಳ್ತೀನಿ: 2022ರ ಫುಟ್‌ಬಾಲ್ ವಿಶ್ವಕಪ್ಪಿನಲ್ಲಿ ಬಿಳಿ ಟೊಪ್ಪಿಯ ಆಕಾರದ ಒಂದು ಸ್ಟೇಡಿಯಂ ನೋಡಿದಿರಲ್ಲ, ಇಲ್ಲಿಯ ಗಂಡಸರು ತಲೆಗೆ ಹಾಕುವ ಗಹ್ಫಿಯಾದ ಮಾದರಿಯದ್ದು, ಅದು ಇರೋದು ನಮ್ಮ ಏರಿಯಾದಲ್ಲೇ. ಕತಾರ್ ಇಡೀ ದೇಶದಲ್ಲಿ ಒಂದು ನದಿ ಇಲ್ಲ. ಬೇಸಿಗೆಯಲ್ಲಿ ನಲ್ಲಿ ತಿರುಗಿಸಿದರೆ ಬಿಸಿನೀರು ಬರುತ್ತೆ. ತಣ್ಣೀರು ಬೇಕಂದ್ರೆ ಗೀಸರ್ ಆಫ್ ಮಾಡಿ ಅದರಲ್ಲಿ ನಿಂತ ನೀರನ್ನು ಬಳಸಬೇಕು. ಅಂಥ ಊರು!

ಇದಕ್ಕೆಲ್ಲ ಕಾರಣ ನನ್ನ ಮಗಳು. ಇಲ್ಲೇ ಹುಟ್ಟಿ ಬೆಳೆದವಳು, ಇಂಗ್ಲೆಂಡಿನ ಒಂದು ವಿಶ್ವವಿದ್ಯಾಲಯಕ್ಕೆ ಕೆಮಿಸ್ಟ್ರಿ ಓದೋಕೆ ಹೋದಳು. ಹೋದ ಎರಡನೇ ವಾರಕ್ಕೆ ಫೋನು: "ಅಪ್ಪಾ, ನಾನು ರೋಯಿಂಗ್ ಟೀಮಿಗೆ ಸೇರಿದೆ." ಅವಳಮ್ಮ ಫೋನ್ ಕಿತ್ತುಕೊಂಡು, "ನಿನ್ನ ಕಳ್ಸಿದ್ದು ಓದೋಕಾ, ಮೀನು ಹಿಡಿಯೋಕಾ?" ಅಂದಳು. ಬೆಳಗಿನ ಜಾವ ಐದಕ್ಕೆ ಎದ್ದು, ಕೊರೆಯೋ ಚಳಿಯಲ್ಲಿ ನದಿಗೆ ಹೋಗಬೇಕಂತೆ. ಇಲ್ಲಿದ್ದಾಗ ಎಂಟು ಗಂಟೆಯ ಶಾಲೆಗೆ ಎಬ್ಬಿಸೋಕೆ ನಾವಿಬ್ಬರೂ ಪಟ್ಟ ಪಾಡು ನೆನೆಸಿಕೊಂಡು ನಗು ಬಂತು.

ಆಮೇಲೆ ಇನ್ನೊಂದು ಸುದ್ದಿ. ಅದೇ ವಿಶ್ವವಿದ್ಯಾಲಯದಲ್ಲಿ ಸಿನಿಮಾ ಓದುತ್ತಿರೋ ಒಬ್ಬ ಹುಡುಗಿ ಕೊನೇ ವರ್ಷದ ಪ್ರಾಜೆಕ್ಟಿಗೆ ಈ ಹೆಣ್ಣುಮಕ್ಕಳ ತಂಡದ ಮೇಲೆ ಸಾಕ್ಷ್ಯಚಿತ್ರ ಮಾಡ್ತಿದ್ದಾಳಂತೆ. ಅಪ್ಪ ಅಮ್ಮಂದಿರನ್ನೂ ಮಾತಾಡಿಸಬೇಕಂತೆ. ಕ್ಯಾಮೆರಾ ಮುಂದೆ ಬಾಯಿ ಬಿಡೋ ಮೊದಲು ಇಂಥ ಸಿನಿಮಾಗಳಲ್ಲಿ ಏನಿರುತ್ತೆ ಅಂತ ತಿಳ್ಕೊಳ್ಳೋಣ ಅಂತ ನೋಡೋಕೆ ಶುರು ಮಾಡಿದೆ.

* * *

ಮೊದಲು ಗೊತ್ತಾಗಿದ್ದು, ರೋಯಿಂಗನ್ನು ಕ್ಯಾಮೆರಾದಲ್ಲಿ ಹಿಡಿಯೋದು ಭಾರೀ ಕಷ್ಟ ಅನ್ನೋದು. ಎಂಟು ಜನರ ದೋಣಿ ಸುಮಾರು 18 ಮೀಟರ್ ಉದ್ದ, ಅಗಲ ಅರ್ಧ ಮೀಟರಿನ ಸುತ್ತಮುತ್ತ. ಕನಿಷ್ಠ ತೂಕ 96 ಕಿಲೋ. ಅಂದರೆ ಒಬ್ಬ ದಪ್ಪ ಮನುಷ್ಯನ ತೂಕ. ಅದರಲ್ಲಿ ಕ್ಯಾಮೆರಾದವನಿಗೆ ಜಾಗ ಎಲ್ಲಿ? ದಡದಿಂದ ತೆಗೆದರೆ ದೂರ. ಮೋಟಾರು ದೋಣಿಯಲ್ಲಿ ಹತ್ತಿರ ಹೋದರೆ ಅದರ ಅಲೆಗೆ ಇವರ ದೋಣಿ ಅಲ್ಲಾಡುತ್ತೆ, ಬೈಗುಳ ತಿನ್ನಬೇಕು. ದೋಣಿಯ ಹಿಂಭಾಗಕ್ಕೆ ಪುಟ್ಟ ಕ್ಯಾಮೆರಾ ಕಟ್ಟಿದರೆ ಎಲ್ಲರಿಗೂ ಲಯ ಕೊಡುವ ಒಬ್ಬರ ಮುಖ ಕಾಣುತ್ತೆ, ಉಳಿದವರು ಆ ಮುಖದ ಹಿಂದೆ ಮರೆ. ಮುಂಭಾಗಕ್ಕೆ ಕಟ್ಟಿದರೆ ಬರೀ ಬೆನ್ನು. ಡ್ರೋನ್ ಹಾರಿಸಿದರೆ ದೃಶ್ಯವೇನೋ ಚಂದ, ಆದರೆ ಮನುಷ್ಯರು ಕಾಣಲ್ಲ. ಕೆರೆಯ ನೀರಿನ ಮೇಲೆ ಓಡಾಡೋ ಉದ್ದ ಕಾಲಿನ ಹುಳ ಇರುತ್ತಲ್ಲ, ಅದರ ಹಾಗೆ ಕಾಣುತ್ತೆ. ದೋಣಿ ಹೋಗೋ ದಿಕ್ಕಿಗೆ ಮುಖ ಮಾಡಿ ಕೂರೋದು ಒಬ್ಬರೇ: ಹುಟ್ಟೇ ಹಿಡಿಯದೆ, ಚುಕ್ಕಾಣಿ ಹಿಡಿದು ಕೂಗುವ ಕಾಕ್ಸ್. ಹಾಗಾಗಿ ಎಷ್ಟೋ ಚಿತ್ರಗಳಲ್ಲಿ ಕಾಕ್ಸ್‌ನ ಮೈಕಿನ ದನಿಯೇ ಕಥೆ ಹೇಳೋದು.

ಇಷ್ಟು ಕಷ್ಟ ಇದ್ದರೂ ಸಿನಿಮಾಕ್ಕೂ ಕಾಲೇಜು ದೋಣಿಗಳಿಗೂ ಹಳೇ ನಂಟು. ಆಕ್ಸ್‌ಫರ್ಡ್ ಮತ್ತು ಕೇಂಬ್ರಿಜ್ ನಡುವಿನ ದೋಣಿ ಸ್ಪರ್ಧೆ 1829ರಲ್ಲಿ ಶುರುವಾಗಿದ್ದು. ಬರ್ಟ್ ಏಕರ್ಸ್ ಅನ್ನುವವರು ಅದನ್ನು 1895ರ ಮಾರ್ಚ್ 30ರಂದು ಚಿತ್ರೀಕರಿಸಿದರು. ಲೂಮಿಯೇರ್ ಸೋದರರು ಪ್ಯಾರಿಸ್ಸಿನಲ್ಲಿ ಟಿಕೆಟ್ ಇಟ್ಟು ಸಿನಿಮಾ ತೋರಿಸಿದ್ದು ಅದೇ ವರ್ಷದ ಡಿಸೆಂಬರಿನಲ್ಲಿ. ಅಂದರೆ ಸಿನಿಮಾ ಇನ್ನೂ ತೊಟ್ಟಿಲಲ್ಲಿ ಇದ್ದಾಗಲೇ ಕ್ಯಾಮೆರಾ ಥೇಮ್ಸ್ ನದಿಯ ದಡಕ್ಕೆ ಹೋಗಿ ನಿಂತಿತ್ತು!

1936ರ ಬರ್ಲಿನ್ ಒಲಿಂಪಿಕ್ಸಿನ ಬಗ್ಗೆ ಲೆನಿ ರೀಫೆನ್‌ಸ್ಟಾಲ್ ಮಾಡಿದ 'ಒಲಿಂಪಿಯಾ' (1938) ಹೆಸರು ಕೇಳಿರುತ್ತೀರಿ. ಅದರಲ್ಲಿ ಹುಟ್ಟು ಹಾಕುವವರ ಮುಖಗಳು, ಕೂಗುವ ಕಾಕ್ಸ್, ಎಲ್ಲವೂ ಅಂಗೈ ದೂರದಲ್ಲಿ ಕಾಣುತ್ತವೆ. ಆ ಹತ್ತಿರದ ದೃಶ್ಯಗಳು ಸ್ಪರ್ಧೆ ನಡೆಯುವಾಗ ತೆಗೆದವಲ್ಲ. ಬೇರೆ ಹೊತ್ತಿನಲ್ಲಿ ಕ್ಯಾಮೆರಾದವರನ್ನು ದೋಣಿಯೊಳಗೆ ಕೂರಿಸಿ ತೆಗೆದು, ಸ್ಪರ್ಧೆಯ ನಡುವೆ ಹೊಲಿದದ್ದು. ನಾಜಿಗಳ ಹಣದಲ್ಲಿ ಮಾಡಿದ ಸಿನಿಮಾ ಬೇರೆ. ಮೈಮಾಟ, ಬೆವರು, ನೀರು, ಎಲ್ಲ ಇದೆ. ಆದರೆ ಆ ಹುಡುಗರು ಯಾರು, ಯಾವ ಮನೆಯಿಂದ ಬಂದರು, ಬೆಳಗ್ಗೆ ಏನು ತಿಂದರು, ಒಂದೂ ಗೊತ್ತಾಗಲ್ಲ.

ನೋಡ್ತಾ ನೋಡ್ತಾ ನನಗೆ ಒಂದು ಮಾತು ಖಾತ್ರಿಯಾಯಿತು. ನೀರಿನ ಮೇಲೇ ಇರುವ ರೋಯಿಂಗ್ ಸಿನಿಮಾ ಹತ್ತು ನಿಮಿಷಕ್ಕೆ ಸಪ್ಪೆ. ದಡಕ್ಕೆ ಬಂದು, 'ಈ ದೋಣಿಯಲ್ಲಿ ಯಾರಿಗೆ ಜಾಗ ಸಿಕ್ತು, ಯಾರಿಗೆ ಸಿಗಲಿಲ್ಲ?' ಅಂತ ಕೇಳುವ ಸಿನಿಮಾ ಕೊನೆತನಕ ಹಿಡಿದು ಕೂರಿಸುತ್ತೆ.

* * *

ಉದಾಹರಣೆಗೆ 'ಎ ಹೀರೋ ಫಾರ್ ಡೇಸಿ'. 1999ರದ್ದು, ಒಂದು ಗಂಟೆಗಿಂತ ಕಮ್ಮಿ. ಮಾಡಿದವರು ಮೇರಿ ಮಾಜಿಯೋ. ಅವರು ಓದಿದ್ದು ಕಾನೂನು, 1992ರ ಬಾರ್ಸಿಲೋನಾ ಒಲಿಂಪಿಕ್ಸಿನಲ್ಲಿ ಅಮೆರಿಕದ ಪರ ಹುಟ್ಟು ಹಾಕಿದವರು. ಡೇಸಿ ಅಂದರೆ ಅವರ ಮಗಳು. ಮಗಳಿಗೆ ಒಬ್ಬ ನಾಯಕಿಯನ್ನು ತೋರಿಸಬೇಕು ಅಂತ ಮಾಡಿದ ಸಿನಿಮಾ.

ಕಥೆ ಯೇಲ್ ವಿಶ್ವವಿದ್ಯಾಲಯದ್ದು. ಅಲ್ಲಿ ಪದವಿ ತರಗತಿಗಳಿಗೆ ಹೆಣ್ಣುಮಕ್ಕಳನ್ನು ಸೇರಿಸಿಕೊಂಡಿದ್ದೇ 1969ರಲ್ಲಿ. ಹೆಂಗಸರ ರೋಯಿಂಗ್ ತಂಡ ಹುಟ್ಟಿದ್ದು ಅದಾಗಿ ಮೂರು ವರ್ಷಕ್ಕೆ. ದೋಣಿಮನೆ ಇದ್ದದ್ದು ಡರ್ಬಿ ಎಂಬ ಊರಲ್ಲಿ, ಕ್ಯಾಂಪಸ್ಸಿನಿಂದ ಬಸ್ಸಿನಲ್ಲಿ ಹೋಗಬೇಕಾದಷ್ಟು ದೂರ. ಅಲ್ಲಿ ಗಂಡಸರಿಗೆ ಬಿಸಿನೀರಿನ ಸ್ನಾನದ ಮನೆ ಇತ್ತು, ಹೆಂಗಸರಿಗೆ ಇರಲಿಲ್ಲ. ಅಭ್ಯಾಸ ಮುಗಿದ ಮೇಲೆ, ಚಳಿಗಾಲದಲ್ಲಿ, ಬೆವರು ಮತ್ತು ನದಿನೀರಿನಲ್ಲಿ ನೆಂದ ಹುಡುಗಿಯರು ಬಸ್ಸಿನಲ್ಲಿ ಕೂತು ನಡುಗುತ್ತಾ ಕಾಯಬೇಕು. ಗಂಡಸರು ಆರಾಮಾಗಿ ಸ್ನಾನ ಮುಗಿಸಿ ಬಂದ ಮೇಲೇ ಬಸ್ಸು ಹೊರಡೋದು.

1972ರಲ್ಲೇ ಅಮೆರಿಕದಲ್ಲಿ 'ಟೈಟಲ್ ನೈನ್' ಅನ್ನುವ ಕಾನೂನು ಬಂದಿತ್ತು. ಸರ್ಕಾರದ ಹಣ ಪಡೆಯುವ ಶಿಕ್ಷಣ ಸಂಸ್ಥೆಗಳಲ್ಲಿ ಗಂಡು ಹೆಣ್ಣು ಅಂತ ಭೇದ ಮಾಡಕೂಡದು ಅಂತ. 1976ರ ಮಾರ್ಚ್ 3ರಂದು ನಾಯಕಿ ಕ್ರಿಸ್ ಅರ್ನ್‌ಸ್ಟ್ ಮತ್ತು ಗೆಳತಿಯರು, ಒಟ್ಟು 19 ಜನ, ಕ್ರೀಡಾ ವಿಭಾಗದ ಅಧಿಕಾರಿಯ ಕಚೇರಿಗೆ ಹೋದರು. ಮೇಲಂಗಿ ಕಳಚಿದರು. ಎದೆ, ಬೆನ್ನಿನ ಮೇಲೆ ಶಾಯಿಯಲ್ಲಿ ಆ ಕಾನೂನಿನ ಹೆಸರು ಬರೆದುಕೊಂಡಿದ್ದರು. ಕ್ರಿಸ್ ಒಂದು ಹೇಳಿಕೆ ಓದಿದರು, ಬಟ್ಟೆ ಹಾಕಿಕೊಂಡು ಹೊರಟರು. ವಿದ್ಯಾರ್ಥಿಗಳ ಪತ್ರಿಕೆಯ ಫೋಟೋಗ್ರಾಫರ್ ಜೊತೆಗಿದ್ದರು, ನ್ಯೂಯಾರ್ಕ್ ಟೈಮ್ಸಿಗೆ ಸುದ್ದಿ ಹೋಯಿತು. ಮುಂದೆ ಹೆಂಗಸರಿಗೂ ಸ್ನಾನದ ಮನೆ ಕಟ್ಟಿದರು.

ಈಗ ನೋಡಿ, ಆ ಕಚೇರಿಯೊಳಗೆ ಸಿನಿಮಾ ಕ್ಯಾಮೆರಾ ಇರಲಿಲ್ಲ. ಇಪ್ಪತ್ತಮೂರು ವರ್ಷ ಆದ ಮೇಲೆ ಸಿನಿಮಾ ಮಾಡಲು ಹೊರಟ ಮಾಜಿಯೋ ಅವರ ಕೈಯಲ್ಲಿದ್ದದ್ದು ಫೋಟೋ ಮತ್ತು ಅಲ್ಲಿದ್ದವರ ಬಾಯಿಮಾತು. ಅಷ್ಟು ಸಾಕಾಯಿತು. ಯಾಕಂದರೆ ಸಿನಿಮಾದ ತಿರುಳು ದೋಣಿಯಲ್ಲಿ ಇರಲಿಲ್ಲ. ಆ ನಿಂತ ಬಸ್ಸಿನಲ್ಲಿತ್ತು. ನನಗೆ ತುಂಬ ಇಷ್ಟವಾದದ್ದು ಮುಂದಿನ ಮಾತು. ಒಲಿಂಪಿಕ್ಸಿಗೆ ಹೋಗಿ, 1986ರಲ್ಲಿ ವಿಶ್ವ ಚಾಂಪಿಯನ್ನೂ ಆದ ಈ ಕ್ರಿಸ್ ಅರ್ನ್‌ಸ್ಟ್ ಹೊಟ್ಟೆಪಾಡಿಗೆ ಹಿಡಿದ ಕೆಲಸ ಯಾವುದು ಗೊತ್ತಾ? ಪ್ಲಂಬರ್! ಸ್ನಾನದ ಮನೆಗಾಗಿ ಜಗಳ ಆಡಿದಾಕೆ ಬೇರೆಯವರ ಸ್ನಾನದ ಮನೆಗೆ ಪೈಪು ಹಾಕಿದರು.

ಅದೇ ಮಾಜಿಯೋ 2020ರಲ್ಲಿ 'ಎ ಮೋಸ್ಟ್ ಬ್ಯೂಟಿಫುಲ್ ಥಿಂಗ್' ಮಾಡಿದರು. ಅದು ವಿಶ್ವವಿದ್ಯಾಲಯದ್ದಲ್ಲ, ಶಿಕಾಗೋದ ಪಶ್ಚಿಮ ಭಾಗದ ಮ್ಯಾನ್ಲಿ ಹೈಸ್ಕೂಲಿನದು. ಗುಂಡಿನ ಸದ್ದಿನ ನಡುವೆ ಬೆಳೆದ ಕರಿಯ ಹುಡುಗರು 1990ರ ದಶಕದಲ್ಲಿ ಕಟ್ಟಿದ ತಂಡ. ಅವರಲ್ಲೊಬ್ಬರಾದ ಅರ್ಶೇ ಕೂಪರ್ ಬರೆದ ಆತ್ಮಕಥೆ ಸಿನಿಮಾಕ್ಕೆ ಆಧಾರ. ಊಟದ ಹಾಲಿನಲ್ಲಿ ಒಂದು ದೋಣಿ ತಂದಿಟ್ಟು, ಪಿಜ್ಜಾ ಕೊಡ್ತೀವಿ ಬನ್ನಿ ಅಂತ ಕರೆದರಂತೆ! ಇಪ್ಪತ್ತು ವರ್ಷ ಕಳೆದು, ಮೈ ಭಾರವಾದ ಮೇಲೆ ಆ ಗೆಳೆಯರು ಮತ್ತೆ ದೋಣಿ ಹತ್ತುತ್ತಾರೆ. ತಾವು ಹೆದರುತ್ತಿದ್ದ ಶಿಕಾಗೋ ಪೊಲೀಸರನ್ನೂ ಜೊತೆಗೆ ಹುಟ್ಟು ಹಾಕಲು ಕರೆಯುತ್ತಾರೆ. ಗೆದ್ದರೋ ಸೋತರೋ ಅನ್ನೋದು ನೋಡುವವರಿಗೆ ನೆನಪೇ ಉಳಿಯಲ್ಲ.

* * *

'ಒಲಿಂಪಿಯಾ'ದಲ್ಲಿ ಹೇಳದೇ ಬಿಟ್ಟ ಆ ಹುಡುಗರ ಕಥೆ ಬಹಳ ತಡವಾಗಿ ಬಂತು. 1936ರಲ್ಲಿ ಹಿಟ್ಲರನ ಎದುರಿಗೇ ಚಿನ್ನ ಗೆದ್ದ ಎಂಟು ಜನರ ದೋಣಿ ಅಮೆರಿಕದ ವಾಷಿಂಗ್ಟನ್ ವಿಶ್ವವಿದ್ಯಾಲಯದ್ದು. 6 ನಿಮಿಷ 25.4 ಸೆಕೆಂಡು; ಎರಡನೆಯದಾದ ಇಟಲಿಗಿಂತ ಬರೇ 0.6 ಸೆಕೆಂಡು ಮುಂದೆ. ಡೇನಿಯಲ್ ಜೇಮ್ಸ್ ಬ್ರೌನ್ 2013ರಲ್ಲಿ ಇವರ ಮೇಲೆ ಪುಸ್ತಕ ಬರೆದರು. 2016ರಲ್ಲಿ ಪಿಬಿಎಸ್ ವಾಹಿನಿ 'ದಿ ಬಾಯ್ಸ್ ಆಫ್ 36' ಅಂತ ಸಾಕ್ಷ್ಯಚಿತ್ರ ಮಾಡಿತು. 2023ರಲ್ಲಿ ಜಾರ್ಜ್ ಕ್ಲೂನಿ ಕಥಾಚಿತ್ರವನ್ನೇ ಮಾಡಿದರು. ಮೂರರಲ್ಲಿ ಸಾಕ್ಷ್ಯಚಿತ್ರವೇ ನನಗೆ ಹಿಡಿಸಿತು. ಆರ್ಥಿಕ ಮುಗ್ಗಟ್ಟಿನ ಕಾಲದಲ್ಲಿ ದುಡಿದು ಫೀಸು ಕಟ್ಟಿದ ಹುಡುಗರು. ಅವರಲ್ಲಿ ಜೋ ರಾಂಟ್ಸ್ ಅನ್ನುವವನನ್ನು ಮನೆಯವರು ಚಿಕ್ಕಂದಿನಲ್ಲೇ ಬಿಟ್ಟು ಹೋಗಿದ್ದರು.

ಇಂಥ ದುಡಿಯುವವರ ಮಕ್ಕಳು ಇಂಗ್ಲೆಂಡಿಗೆ ಬಂದಿದ್ದರೆ ಏನಾಗ್ತಿತ್ತು ಅಂತ ಕುತೂಹಲ ಹುಟ್ಟಿ ಓದಿದೆ. ಸಿಕ್ಕಿದ್ದು ಹೆನ್ಲಿ ಸ್ಪರ್ಧೆಯ 1879ರ ನಿಯಮ. ಕೂಲಿಗೆ ದುಡಿದ ಮೆಕ್ಯಾನಿಕ್, ಕುಶಲಕರ್ಮಿ, ಕಾರ್ಮಿಕ ಯಾರೂ 'ಹವ್ಯಾಸಿ'ಗಳಲ್ಲ, ಅವರಿಗೆ ಪ್ರವೇಶ ಇಲ್ಲ. ಹಣಕ್ಕಾಗಿ ದೋಣಿಯ ಕೆಲಸ ಮಾಡಿದವನಿಗಂತೂ ಮೊದಲೇ ಇಲ್ಲ! 1920ರಲ್ಲಿ ಜಾನ್ ಕೆಲ್ಲಿ ಎಂಬ ಅಮೆರಿಕದವನ ಅರ್ಜಿ ತಿರಸ್ಕಾರವಾಯಿತು. ಆತ ಇಟ್ಟಿಗೆ ಕೆಲಸ ಮಾಡಿದವನು ಅನ್ನೋದೂ ಒಂದು ಕಾರಣ. ಅದೇ ವರ್ಷ ಆತ ಒಲಿಂಪಿಕ್ ಚಿನ್ನ ಗೆದ್ದ. (ನಟಿ ಗ್ರೇಸ್ ಕೆಲ್ಲಿ ಇದ್ದರಲ್ಲ, ಅವರ ಅಪ್ಪ.) 1936ರಲ್ಲಿ ಆಸ್ಟ್ರೇಲಿಯಾದ ಪೊಲೀಸರ ತಂಡವನ್ನು ಹೊರಗಿಟ್ಟು ಗಲಾಟೆಯಾದ ಮೇಲೆ, 1937ರಲ್ಲಿ ಆ ನಿಯಮ ಹೋಯಿತು.

ಓದಿ ಮುಗಿಸಿ ಲ್ಯಾಪ್‌ಟಾಪ್ ಮುಚ್ಚಿ ಸುಮ್ಮನೆ ಕೂತೆ. ಯಾಕಂದರೆ ನಮ್ಮಜ್ಜ ಕಡವಿನ ದೋಣಿಯವರು.

ಕುಂದಾಪುರದ ಕಡೆಯವರಿಗೆ ಗೊತ್ತು. ಗಂಗೊಳ್ಳಿ ಎದುರಿಗೇ ಕಾಣುತ್ತೆ, ನಡುವೆ ಪಂಚಗಂಗಾವಳಿ. ರಸ್ತೆಯಲ್ಲಿ ಹೋಗೋದಾದರೆ ತ್ರಾಸಿಯ ಮೇಲೆ ಊರೆಲ್ಲ ಸುತ್ತಬೇಕು. ಹಾಗಾಗಿ ಪೇಟೆಗೆ, ಕೋರ್ಟಿಗೆ, ಶಾಲೆಗೆ, ಆಸ್ಪತ್ರೆಗೆ ಎಲ್ಲದಕ್ಕೂ ಕಡವು. ಅಜ್ಜ ವರ್ಷಾನುಗಟ್ಟಲೆ ಜನರನ್ನು ದಾಟಿಸಿದರು. ಮಳೆಗಾಲದಲ್ಲಿ ಕೆಂಪು ನೀರು ಸಮುದ್ರದ ಕಡೆ ಎಳೆಯುವಾಗಲೂ. ಅವರ ಅಂಗೈ ಮುಟ್ಟಿದರೆ ಒಣಗಿದ ತೆಂಗಿನ ಸಿಪ್ಪೆ ಮುಟ್ಟಿದ ಹಾಗೆ ಇರುತ್ತಿತ್ತು. ರಜೆಯಲ್ಲಿ ಬೊಂಬಾಯಿಯಿಂದ ಹೋದಾಗ ನಾನು ಹುಟ್ಟು ಎತ್ತೋಕೆ ಹೋದರೆ ಕೈಯಿಂದ ಕಸಿದುಕೊಂಡು ಹೇಳುತ್ತಿದ್ದರು: "ಹುಟ್ಟ್ ಮುಟ್ಬೇಡ ಮಗಾ. ಇದ್ ಹೊಟ್ಟಿಪಾಡ್. ನೀ ಪುಸ್ತ್ಕ ಹಿಡಿ."

ಅಪ್ಪ ಬೊಂಬಾಯಿಯ ಹೋಟೆಲಿನಲ್ಲಿ ಲೋಟ ತೊಳೆಯುತ್ತಾ ರಾತ್ರಿ ಶಾಲೆಯಲ್ಲಿ ಓದಿದರು. ನಾನು ಡಿಪ್ಲೊಮಾ ಮುಗಿಸಿ ಗಲ್ಫಿಗೆ ಬಂದೆ. ಯಾವುದನ್ನು ಮುಟ್ಟಬಾರದು ಅಂತ ಅಜ್ಜ ಹೇಳಿದ್ದರೋ, ಅದನ್ನು ಮುಟ್ಟಲು ಅವರ ಮರಿಮಗಳು ವರ್ಷಕ್ಕೆ ಇಷ್ಟು ಪೌಂಡು ಅಂತ ಫೀಸು ಕಟ್ಟುತ್ತಾಳೆ. ಮೊದಲ ತಿಂಗಳು ಬೊಬ್ಬೆ ಎದ್ದ ಅಂಗೈಯ ಫೋಟೋ ತೆಗೆದು ವಾಟ್ಸಾಪ್ ಮಾಡಿದಳು, ಕೆಳಗೆ ನಗುಮುಖ ಬೇರೆ! ಏನು ಉತ್ತರ ಬರೆಯೋದು ಅಂತ ಗೊತ್ತಾಗದೆ ನಾನೂ ಒಂದು ನಗುಮುಖ ಕಳಿಸಿದೆ.

ಅಜ್ಜ ಹುಟ್ಟು ಹಾಕುವ ಒಂದೇ ಒಂದು ಫೋಟೋ ನಮ್ಮ ಹತ್ತಿರ ಇಲ್ಲ. ಇರೋದು ಕುಂದಾಪುರದ ಸ್ಟುಡಿಯೋದಲ್ಲಿ, ಇಸ್ತ್ರಿ ಮಾಡಿದ ಅಂಗಿ ಹಾಕಿ, ಕುರ್ಚಿಯಲ್ಲಿ ನೆಟ್ಟಗೆ ಕೂತು ತೆಗೆಸಿದ್ದು ಮಾತ್ರ.

* * *

ಕತಾರಿನವರು ಈ ವಿಷಯದಲ್ಲಿ ಜಾಣರು. ಇವರ ಅಜ್ಜಂದಿರೂ ದೋಣಿಯವರೇ. ಎಣ್ಣೆ ಸಿಗೋ ಮೊದಲು ಬೇಸಿಗೆ ಬಂತಂದ್ರೆ ಗಂಡಸರೆಲ್ಲ ಮುತ್ತು ಹೆಕ್ಕಲು ತಿಂಗಳುಗಟ್ಟಲೆ ಸಮುದ್ರಕ್ಕೆ. ಗಾಳಿ ಬಿದ್ದಾಗ ಉದ್ದುದ್ದ ಹುಟ್ಟು ಹಾಕಬೇಕು. ಲಯ ತಪ್ಪದಂತೆ ಹಾಡಲು ದೋಣಿಯಲ್ಲಿ ಒಬ್ಬ 'ನಹ್ಹಾಮ್' ಇರುತ್ತಿದ್ದ. ಈಗಿನ ಕಾಕ್ಸ್‌ನ ಅಜ್ಜ ಅನ್ನಿ. 1930ರ ದಶಕದ ಹೊತ್ತಿಗೆ ಜಪಾನಿನ ಸಾಕಿದ ಮುತ್ತು ಮಾರುಕಟ್ಟೆಗೆ ಬಂದು ಎಲ್ಲ ಕುಸಿಯಿತು.

2019ರಲ್ಲಿ ತೆರೆದ ಇಲ್ಲಿಯ ರಾಷ್ಟ್ರೀಯ ಮ್ಯೂಸಿಯಮ್ಮಿಗೆ ದೋಹಾಕ್ಕೆ ಬಂದವರು ತಪ್ಪದೆ ಹೋಗಿ. ಗೋಡೆಗಳೇ ಪರದೆ. ಅಲ್ಲಿ ಮುತ್ತಿನ ಕಾಲದ ಬಗ್ಗೆ ತೋರಿಸುವ 'ನಫಸ್' ಎಂಬ ಚಿತ್ರ ಮಾಡಿದವರು ನಮ್ಮ ಮೀರಾ ನಾಯರ್. ನಫಸ್ ಅಂದರೆ ಉಸಿರು. ಸಾಕ್ಷ್ಯಚಿತ್ರವಲ್ಲ, ನಟರನ್ನಿಟ್ಟು ಮಾಡಿದ್ದು. ಆಳೆತ್ತರದ ದೃಶ್ಯದ ಎದುರು ನಿಂತಾಗ ಅಜ್ಜನ ಕೆಲಸ ನಾಚಿಕೆ ಪಡುವಂಥದ್ದಲ್ಲ, ಗೋಡೆಯ ಮೇಲೆ ತೋರಿಸುವಂಥದ್ದು ಅನ್ನಿಸುತ್ತೆ. ಅದೇ ಹೊತ್ತಿಗೆ ಒಂದು ಸಂಶಯವೂ ಬಂತು. ಗೋಡೆಯ ಮೇಲೆ ಅಷ್ಟು ಚಂದ ಕಾಣುವ ಕೆಲಸದ ಕೂಲಿ ಎಷ್ಟಿತ್ತು, ಸಾಲ ಎಷ್ಟಿತ್ತು? ಚಂದದ ಬೆಳಕಿನಲ್ಲಿ ತೆಗೆದ ಬಡತನ ಬಡತನದ ಹಾಗೆ ಕಾಣೋದೇ ಇಲ್ಲ.

ಆ ಸಂಶಯ ತಲೆಯಲ್ಲಿ ಇಟ್ಟುಕೊಂಡೇ ಮಗಳ ತಂಡದ ಸಿನಿಮಾಕ್ಕೆ ಮಾತಾಡಲು ಕೂತೆ. ವಿಡಿಯೋ ಕಾಲು. ಸಿನಿಮಾದ ಹುಡುಗಿ ಬಹಳ ಮರ್ಯಾದಸ್ಥೆ. ಅಜ್ಜನ ವಿಷಯ ಮಗಳು ಹೇಳಿಬಿಟ್ಟಿದ್ದಳು. "ಹಾಗಾದರೆ ಹುಟ್ಟು ಹಾಕೋದು ನಿಮ್ಮ ಕುಟುಂಬದ ರಕ್ತದಲ್ಲೇ ಇದೆ ಅಲ್ವಾ?" ಅಂತ ಕೇಳಿದಳು. ಕಣ್ಣಲ್ಲಿ ಹೊಳಪು, ಸಿನಿಮಾಕ್ಕೆ ಒಳ್ಳೇ ಸಾಲು ಸಿಕ್ಕಿತು ಅಂತ.

ನಾನು ಇಲ್ಲ ಅಂದೆ. ರಕ್ತದಲ್ಲಿ ಇದ್ದದ್ದು ಅದಲ್ಲಮ್ಮ. ಒಬ್ಬರನ್ನು ದಾಟಿಸಿದರೆ ಸಿಗುತ್ತಿದ್ದದ್ದು ಚಿಲ್ಲರೆ ಕಾಸು. ದೋಣಿ ಸ್ವಂತದ್ದಲ್ಲ. ಹುಟ್ಟು ಮುಟ್ಟಬೇಡ ಅಂತ ನನ್ನ ಕೈಯಿಂದ ಕಸಿದುಕೊಂಡವರು ಅವರು. ನಿಮ್ಮ ದೇಶದಲ್ಲಿ ಅಂಥವರನ್ನು ಸ್ಪರ್ಧೆಗೆ ಸೇರಿಸದ ನಿಯಮವೇ ಇತ್ತು, ಅದನ್ನೂ ಹಾಕ್ತೀಯಾ? ಅಂತ ಕೇಳಿದೆ. ಸ್ವಲ್ಪ ಹೊತ್ತು ಸುಮ್ಮನಿದ್ದಳು. ಆಮೇಲೆ, "ಮಗಳು ಹುಟ್ಟು ಹಿಡಿದಾಗ ನಿಮಗೆ ಸಿಟ್ಟು ಬಂತಾ?" ಅಂತ ಕೇಳಿದಳು. ಅದು ಸರಿಯಾದ ಪ್ರಶ್ನೆ! ಸಿಟ್ಟಲ್ಲ, ಅಜ್ಜನಿಗೆ ಏನಂತ ಸಮಜಾಯಿಷಿ ಹೇಳಲಿ ಅನ್ನಿಸ್ತು ಅಂದೆ. ಅಜ್ಜ ತೀರಿಕೊಂಡು ಎಷ್ಟೋ ವರ್ಷ ಆಗಿದೆ, ಅದು ಬೇರೆ ಮಾತು.

ಇದಾಗಿ ಒಂದು ತಿಂಗಳಿಗೆ, ಸ್ಪರ್ಧೆಗೆ ಇನ್ನು ಎರಡೇ ವಾರ ಇರುವಾಗ ಮಗಳನ್ನು ದೋಣಿಯಿಂದ ಇಳಿಸಿದರು. ರೋಯಿಂಗಿನಲ್ಲಿ ಇದಕ್ಕೊಂದು ಕಟುವಾದ ಪದ್ಧತಿ ಇದೆ. ಎರಡು ದೋಣಿಗಳನ್ನು ಓಡಿಸೋದು. ಎರಡರಿಂದ ಒಬ್ಬೊಬ್ಬರನ್ನು ಅದಲು ಬದಲು ಮಾಡಿ ಮತ್ತೆ ಓಡಿಸೋದು. ಯಾರು ಬಂದ ಮೇಲೆ ದೋಣಿಯ ವೇಗ ಹೆಚ್ಚಿತು ಅಂತ ಲೆಕ್ಕ ಹಾಕೋದು. ಮುಖ ನೋಡಿ ಮಣೆ ಹಾಕೋದಿಲ್ಲ, ವಾಚು ಹೇಳಿದ್ದೇ ಕೊನೆ. ಇವಳ ಜಾಗಕ್ಕೆ ಇನ್ನೊಬ್ಬಳು ಬಂದಳು. ಆ ರಾತ್ರಿ ಫೋನಿನಲ್ಲಿ ಅತ್ತಳು. ಅವಳಮ್ಮ, "ಹೋಗ್ಲಿ ಬಿಡೇ, ಇನ್ನಾದರೂ ಬೆಳಿಗ್ಗೆ ನಿದ್ದೆ ಮಾಡು" ಅಂತ ಹೇಳಿ, ಫೋನಿಟ್ಟು ಅಡುಗೆಮನೆಗೆ ಹೋಗಿ ತಾನೂ ಅತ್ತಳು.

ಸಿನಿಮಾದ ಹುಡುಗಿ, "ನಿನ್ನನ್ನು ಚಿತ್ರೀಕರಿಸೋದು ನಿಲ್ಲಿಸಲಾ?" ಅಂತ ಕೇಳಿದಳಂತೆ. ಮಗಳು ಹೇಳಿದ ಉತ್ತರವನ್ನು ಅವಳ ಮಾತಲ್ಲೇ ಬರೆಯುತ್ತೇನೆ: "ಬೇಡ ತೆಗಿ ಅಂದೆ ಅಪ್ಪಾ. ದೋಣಿಯಲ್ಲಿ ಇರೋದು ಎಂಟೇ ಹುಟ್ಟು. ಒಂಬತ್ತನೆಯವಳನ್ನ ಯಾರು ತೆಗೀತಾರೆ?"

ಇನ್ನೂ ಪೂರ್ತಿ ಆಗದ ಆ ಸಿನಿಮಾದ ಒಂದಷ್ಟು ಭಾಗವನ್ನು ನನಗೆ ಕಳಿಸಿದ್ದಾಳೆ. ಸ್ಪರ್ಧೆಯ ದಿನದ್ದು. ದೋಣಿ ಹತ್ತುವಾಗ ಎಲ್ಲರೂ ರಬ್ಬರ್ ಬೂಟು ಕಳಚಿ ದಡದಲ್ಲೇ ಬಿಟ್ಟು ಹೋಗುತ್ತಾರೆ. ನಮ್ಮವಳು ಆ ಹದಿನೆಂಟು ಬೂಟುಗಳನ್ನು, ಒಂಬತ್ತು ಜನರ ಜಾಕೆಟ್ಟುಗಳನ್ನು ಬಾಚಿಕೊಂಡು ದಡದುದ್ದಕ್ಕೂ ನಡೆಯುತ್ತಾಳೆ. ಸ್ಪರ್ಧೆ ಶುರುವಾಗುತ್ತೆ, ಆದರೆ ಕ್ಯಾಮೆರಾ ನೀರಿನ ಕಡೆ ತಿರುಗೋದೇ ಇಲ್ಲ! ಅವಳ ಮುಖದ ಮೇಲೇ ನಿಂತಿರುತ್ತೆ. ತುಟಿ ಅಲ್ಲಾಡ್ತಾ ಇದೆ. ಏನೋ ಹೇಳ್ತಿದ್ದಾಳೆ ಅಂದುಕೊಂಡೆ. ಎರಡನೇ ಸಲ ನೋಡಿದಾಗ ಗೊತ್ತಾಯಿತು, ದೋಣಿಯ ಜೊತೆಗೇ ಹುಟ್ಟಿನ ಲೆಕ್ಕ ಹಾಕ್ತಿದ್ದಾಳೆ. ತಂಡ ಮೂರನೆಯದಾಗಿ ಬಂತು. ಈಗ ಅವಳು ಎರಡನೇ ದೋಣಿಯಲ್ಲಿದ್ದಾಳೆ, ಬೆಳಿಗ್ಗೆ ಐದಕ್ಕೇ ಏಳುತ್ತಾಳೆ. ಅಜ್ಜನ ಮಾತನ್ನು ಸಿನಿಮಾದಲ್ಲಿ ಹಾಕಿದ್ದಾರೆ, ಕೂಲಿಯ ಮಾತಿನ ಸಮೇತ. 'ರಕ್ತ'ದ ಮಾತಿಲ್ಲ.

* * *

ಇದನ್ನೆಲ್ಲ ಬರೆಯೋಕೆ ಕಾರಣ, ನಮ್ಮಲ್ಲೂ ಇಂಥ ಕಥೆಗಳಿಗೆ ಬರ ಇಲ್ಲ ಅನ್ನೋ ನಂಬಿಕೆ. ಪುಣೆಯ ಇಂಜಿನಿಯರಿಂಗ್ ಕಾಲೇಜಿನಲ್ಲಿ ವಿದ್ಯಾರ್ಥಿಗಳೇ ನಡೆಸುವ ದೋಣಿ ಉತ್ಸವ 1928ರಿಂದ ಬಂದದ್ದು. ಖೇಲೋ ಇಂಡಿಯಾ ವಿಶ್ವವಿದ್ಯಾಲಯ ಕ್ರೀಡಾಕೂಟಕ್ಕೆ ರೋಯಿಂಗ್ ಮೊದಲ ಸಲ ಸೇರಿದ್ದು 2023ರಲ್ಲಿ, ಗೋರಖಪುರದ ರಾಮಗಢ ತಾಲ್ ಕೆರೆಯಲ್ಲಿ. ಬೆಂಗಳೂರಿನವರು ಹಲಸೂರು ಕೆರೆಯಲ್ಲಿ ಎಂಇಜಿ ಸೈನಿಕರು ಹುಟ್ಟು ಹಾಕೋದನ್ನು ರಸ್ತೆಯಿಂದಲೇ ನೋಡಿರುತ್ತೀರಿ. ಇದೇ ದೋಹಾದಲ್ಲಿ, ವೆಸ್ಟ್ ಬೇ ಲಗೂನಿನಲ್ಲಿ, 2006ರ ಏಷ್ಯನ್ ಕ್ರೀಡಾಕೂಟದಲ್ಲಿ ನಮ್ಮ ಸೈನಿಕ ಬಜರಂಗ್ ಲಾಲ್ ತಾಖರ್ ಬೆಳ್ಳಿ ಗೆದ್ದರು. 2010ರಲ್ಲಿ ಗ್ವಾಂಗ್‌ಜೌನಲ್ಲಿ ಚಿನ್ನ, ಏಷ್ಯನ್ ಕೂಟದ ರೋಯಿಂಗಿನಲ್ಲಿ ಭಾರತದ ಮೊದಲ ಚಿನ್ನ. ರಾಜಸ್ಥಾನದ ಮನುಷ್ಯ, ನೀರಿಲ್ಲದ ಕಡೆಯವರು! ಕತಾರಿನ ತಾಲಾ ಅಬುಜ್ಬಾರಾ ಅನ್ನುವ ಹೆಣ್ಣುಮಗಳು ಟೋಕಿಯೋ ಒಲಿಂಪಿಕ್ಸಿನಲ್ಲಿ (ಅದು ನಡೆದದ್ದು 2021ರಲ್ಲಿ) ಒಬ್ಬಳೇ ದೋಣಿಯಲ್ಲಿ ಕೂತು ದೇಶದ ಪರ ಹುಟ್ಟು ಹಾಕಿದಳು. ನದಿಯಿಲ್ಲದ ದೇಶದ ಹುಡುಗಿ.

ನಮ್ಮ ಮಕ್ಕಳಲ್ಲಿ ಈಗ ಮೀಡಿಯಾ, ಸಿನಿಮಾ ಓದುವವರು ಬಹಳ ಇದ್ದಾರೆ. ಇಲ್ಲಿಯ ಎಜುಕೇಶನ್ ಸಿಟಿಯಲ್ಲೂ ಇದ್ದಾರೆ, ಮಣಿಪಾಲದಲ್ಲೂ ಇದ್ದಾರೆ. ಕಾಲೇಜಿನ ಯಾವುದೋ ತಂಡದ ಮೇಲೆ ಪ್ರಾಜೆಕ್ಟ್ ಮಾಡ್ತೀವಿ ಅಂದರೆ ಅವರಿಗೆ ನನ್ನ ಕಡೆಯಿಂದ ಮೂರೇ ಮಾತು ಹೇಳಿ. ಡ್ರೋನಿಗೆ ಖರ್ಚು ಮಾಡುವ ಮೊದಲು ಒಳ್ಳೇ ಮೈಕು ತಗೊಳ್ಳಿ. ಹುಟ್ಟು ನೀರಿಗೆ ಬೀಳುವ ಸದ್ದು, ಏದುಸಿರು, ಕಾಕ್ಸ್‌ನ ಬೈಗುಳ, ಅದರಲ್ಲೇ ಅರ್ಧ ಸಿನಿಮಾ ಇದೆ. ದುಡ್ಡಿನ ವಿಷಯ ನಾಚಿಕೆ ಬಿಟ್ಟು ಕೇಳಿ. ಫೀಸು ಯಾರು ಕಟ್ಟಿದರು, ಬಸ್ಸು ಯಾರಿಗೆ ಕಾಯುತ್ತೆ, ಬಿಸಿನೀರು ಯಾರಿಗೆ ಸಿಗುತ್ತೆ. ಮೂರನೆಯದು, ತಂಡ ನೀರಿಗಿಳಿದ ಮೇಲೆ ಒಂದು ಸಲ ಹಿಂದಿರುಗಿ ದಡದ ಕಡೆ ನೋಡಿ. ಬೂಟು ಹಿಡಿದುಕೊಂಡು ಯಾರಾದರೂ ನಿಂತಿರುತ್ತಾರೆ.

ಇನ್ನು ಗಂಗೊಳ್ಳಿ, ಹೊನ್ನಾವರ, ಸದಾಶಿವಗಡದ ಕಡೆ ಕಡವಿನಲ್ಲಿ ದುಡಿದ ಹಿರಿಯರು ಯಾರ ಮನೆಯಲ್ಲಾದರೂ ಇದ್ದರೆ, ಈ ಸಲ ರಜೆಯಲ್ಲಿ ಊರಿಗೆ ಹೋದಾಗ ಒಂದು ಮಧ್ಯಾಹ್ನ ಅವರ ಜೊತೆ ಕೂತುಕೊಳ್ಳಿ. ಕೈಯಲ್ಲಿರೋ ಮೊಬೈಲೇ ಸಾಕು. ಒಬ್ಬರಿಗೆ ಎಷ್ಟು ಕಾಸು ತಗೊಳ್ತಿದ್ರಿ, ಮಳೆಗಾಲದಲ್ಲಿ ಹೆದರಿಕೆ ಆಗ್ತಿತ್ತಾ, ದೋಣಿ ಯಾರದ್ದು, ಇಷ್ಟು ಕೇಳಿ. ಕೈ ತೋರಿಸಿ ಅಂತ ಹೇಳಿ, ಅದನ್ನೂ ಹತ್ತಿರದಿಂದ ತೆಗೆಯಿರಿ.